ಹೆರಿಗೆ ದೇವತೆಯ ಕಟ್ಟಿದ ಬೆರಳುಗಳು

ಬಹಳ ಹಿಂದಿನ ಮಾತು. ಮೂರು ಕಡೆ ಕಡಲು ಸುತ್ತುವರಿದ ಯವನರ ನಾಡಿನಲ್ಲಿ ಆಲ್ಕಿರ ಎಂಬ ಪುಟ್ಟ ರಾಜ್ಯವಿತ್ತು. ಆ ನಾಡಿನಲ್ಲಿ ಸಿಡಿಲನ್ನೂ ಕಡಲನ್ನೂ ಆಳುವ ದೊಡ್ಡ ದೇವರುಗಳಿಗೆ ಹಾಲುಗಲ್ಲಿನ ಗುಡಿಗಳಿದ್ದವು. ಸಣ್ಣ ದೇವತೆಯರಿಗೆ ಗುಡಿಯಿರಲಿಲ್ಲ. ಮರಕ್ಕೊಬ್ಬಳು, ಹೊಳೆಗೊಬ್ಬಳು, ಬೆಟ್ಟಕ್ಕೊಬ್ಬಳು ಎಂದು ಅವರು ಹಂಚಿಕೊಂಡು ಬದುಕುತ್ತಿದ್ದರು. ಅವರಲ್ಲಿ ಎಲೈತಿಯ ಎಂಬವಳು ಹೆರಿಗೆಯ ದೇವತೆ. ಬೆಟ್ಟದ ಗುಹೆಯಲ್ಲಿ ಅವಳ ವಾಸ. ಗಂಡಸರು ಅವಳ ಹೆಸರನ್ನೇ ಮರೆತಿದ್ದರು. ಹೆಂಗಸರು ಮಾತ್ರ ನೋವು ಬಂದಾಗ ಅವಳನ್ನೇ ಕೂಗುತ್ತಿದ್ದರು. ಕೂಗು ಕೇಳಿದೊಡನೆ ಅವಳು ಮಡಚಿದ ಬೆರಳುಗಳನ್ನು ಬಿಡಿಸುತ್ತಿದ್ದಳು, ಮಗು ಹುಟ್ಟುತ್ತಿತ್ತು.

ಒಂದು ವಸಂತದಲ್ಲಿ ಆಲ್ಕಿರದ ಹೆರಿಗೆಗಳೆಲ್ಲ ನಿಂತುಹೋದವು. ದಿನ ತುಂಬಿದ ಬಸುರಿಯರು ಹಾಗೆಯೇ ಉಳಿದರು. ಗೂಡಿನಲ್ಲಿ ಮೊಟ್ಟೆ ಒಡೆಯಲಿಲ್ಲ, ದೊಡ್ಡಿಯಲ್ಲಿ ಆಡು ಈಯಲಿಲ್ಲ.

ಆಡು ಮೇಯಿಸುವ ನಿಕಾಂಡ್ರನ ಹೆಂಡತಿ ಮಿರ್ಟಿಸಳಿಗೂ ನೋವು ಶುರುವಾಗಿತ್ತು. ನೋವು ಬರುತ್ತಿತ್ತು, ಹೋಗುತ್ತಿತ್ತು. ಮಗು ಮಾತ್ರ ಬರಲೊಲ್ಲದು. ಸೂಲಗಿತ್ತಿ ಅಜ್ಜಿ ನಿಕಾಂಡ್ರನನ್ನು ಹೊರಗೆ ಕರೆದಳು.

"ಮಗನೇ, ಇನ್ನು ನನ್ನ ಕೈಯಲ್ಲಿ ಏನೂ ಇಲ್ಲ. ಎಲೈತಿಯ ತಾಯಿಯ ಬೆರಳುಗಳನ್ನು ಯಾರೋ ಕಟ್ಟಿಹಾಕಿದ್ದಾರೆ. ಬೆಟ್ಟದ ಗುಹೆಗೆ ಹೋಗಿ ಬಿಡಿಸು. ನಿನ್ನ ಹೆಂಡತಿ ಬಹಳ ಹೊತ್ತು ತಡೆಯಲಾರಳು."

ನಿಕಾಂಡ್ರ ಒಳಗೆ ಹೋಗಿ ಮಿರ್ಟಿಸಳ ಕೈ ಹಿಡಿದ. ಅವಳು ಬೆವೆತಿದ್ದಳು.

"ಹೋಗಬೇಡ ಅನ್ನಬೇಕು ಅಂತಿದ್ದೆ," ಎಂದಳು. "ಹೋಗು. ಬೇಗ ಬಾ."

ಅವನು ಓಕ್ ಮರಗಳ ಕಾಡು ಹೊಕ್ಕ. ದಾರಿಗೆ ಅಡ್ಡವಾಗಿ ಗುಡಿಸಲಿನಷ್ಟು ದೊಡ್ಡ ತೋಳವೊಂದು ಮಲಗಿತ್ತು. ಅದರ ರೋಮವೆಲ್ಲ ತಾಮ್ರ, ಹಲ್ಲೆಲ್ಲ ಕಬ್ಬಿಣ. ಅದು ಗುರುಗುಟ್ಟಿತು. ನಿಕಾಂಡ್ರ ಕೋಲೆತ್ತಿದ.

"ತಮ್ಮಾ, ಹೊಡೆಯಬೇಡ," ಎಂದು ಮರವೊಂದರ ಒಳಗಿನಿಂದ ದನಿ ಬಂತು. ಅದು ಆ ಮರದ ದೇವತೆಯಾದ ಕನ್ಯೆಯ ದನಿ. "ಅದರ ಹೊಟ್ಟೆ ನೋಡು."

ತೋಳದ ಪಕ್ಕೆ ನಡುಗುತ್ತಿತ್ತು. ಅದೂ ತುಂಬು ಬಸುರಿ. ನಿಕಾಂಡ್ರ ಕೋಲು ಬಿಸುಟ. "ನಿನಗೂ ಅದೇ ನೋವೇನವ್ವಾ?" ಎನ್ನುತ್ತಾ ಹತ್ತಿರ ಹೋಗಿ, ತನ್ನ ಆಡುಗಳಿಗೆ ಮಾಡುವಂತೆ ಅದರ ಸೊಂಟವನ್ನು ಮೆಲ್ಲಗೆ ನೀವಿದ. ತೋಳ ಕಣ್ಣು ಮುಚ್ಚಿತು. ಆಮೇಲೆ ಎದ್ದು ದಾರಿ ಬಿಟ್ಟು, ಅವನ ಹಿಂದೆಯೇ ಕುಂಟುತ್ತಾ ನಡೆಯಿತು.

ಮುಂದೆ ಹೊಳೆ. ಮಳೆಯಿಲ್ಲದಿದ್ದರೂ ದಡ ಮೀರಿ ಹರಿಯುತ್ತಿತ್ತು. ಬಂಡೆಯ ಮೇಲೆ ಹೊಳೆಯ ಕನ್ಯೆ ಕೂತು ಅಳುತ್ತಿದ್ದಳು. ಅವಳ ಕಣ್ಣೀರಿನಿಂದಲೇ ಹೊಳೆ ಏರುತ್ತಿತ್ತು.

"ದಾಟಿಸಕ್ಕಾ," ಎಂದ ನಿಕಾಂಡ್ರ. "ನನ್ನ ಹೆಂಡತಿ ಸಾಯುತ್ತಿದ್ದಾಳೆ."

"ಎಲ್ಲರೂ ದಾಟಿಸು ಅನ್ನುತ್ತಾರೆ. ಯಾಕೆ ಅಳುತ್ತೀಯ ಅಂತ ಯಾರೂ ಕೇಳುವುದಿಲ್ಲ!"

ನಿಕಾಂಡ್ರನ ಕಾಲು ಓಡು ಓಡು ಎನ್ನುತ್ತಿತ್ತು. ಆದರೂ ಅವನು ಅವಳ ಪಕ್ಕ ಕೂತ. "ಹೇಳಕ್ಕಾ," ಎಂದ.

ಅವಳು ಹೇಳಿದಳು. ನೀರಿಗೆ ಬರುವ ಜಿಂಕೆಯೊಂದಿತ್ತು, ಅವಳ ಕೈಯಿಂದಲೇ ಎಲೆ ತಿನ್ನುತ್ತಿತ್ತು. ಮರಿ ಹಾಕಲಾರದೆ ಇದೇ ದಡದಲ್ಲಿ ಸತ್ತುಹೋಯಿತು. ಅವಳ ಜೊತೆ ನಿಕಾಂಡ್ರನೂ ಅತ್ತ. ಅಳು ಹಗುರವಾದಂತೆ ನೀರು ಇಳಿಯಿತು. ಮೊಣಕಾಲುದ್ದ ನೀರಿನಲ್ಲಿ ಅವನೂ ತೋಳವೂ ಹೊಳೆ ದಾಟಿದರು.

ಬೆಟ್ಟದ ಮೇಲೆ ಗುಹೆ. ತೋಳ ಬಾಗಿಲಲ್ಲೇ ಕುಸಿದು ಮಲಗಿತು. ಒಳಗೆ ಎಲೈತಿಯ ಕೂತಿದ್ದಳು. ಅವಳ ಹತ್ತು ಬೆರಳುಗಳೂ ಒಂದಕ್ಕೊಂದು ಹೆಣೆದಿದ್ದವು; ಅವುಗಳ ಸುತ್ತ ಒಂದು ಬಿಳಿ ಕೂದಲಿನ ಗಂಟು. ಪಕ್ಕದಲ್ಲಿ ಥ್ರಾಸೋನ ಎಂಬ ಮಾಂತ್ರಿಕ ನಿಂತಿದ್ದ. ಮುಖ ಇಪ್ಪತ್ತರ ಹುಡುಗನದು, ಕಣ್ಣು ಮಾತ್ರ ಹಣ್ಣು ಹಣ್ಣು ಮುದುಕನದು.

"ಆ ಗಂಟು ಕಟ್ಟಿದವನು ನಾನು, ನನ್ನ ಕೈಗೆ ಮಾತ್ರ ಬಿಚ್ಚುತ್ತದೆ," ಎಂದ ಥ್ರಾಸೋನ. "ಮಾಯೆಯಿಂದ ಯೌವನ ಪಡೆದೆ. ಆದರೆ ಈ ರಾಜ್ಯದಲ್ಲಿ ಮಗುವೊಂದು ಮೊದಲ ಸಲ ಅತ್ತಾಗಲೆಲ್ಲ ಒಂದೊಂದು ವರ್ಷ ಮರಳಿ ಬಂದು ನನ್ನ ಮೈಗೆ ಅಂಟುತ್ತದೆ. ನನಗೆ ಸಾವೆಂದರೆ ಭಯ."

"ನನಗೂ ಭಯವೇ," ಎಂದ ನಿಕಾಂಡ್ರ. "ಅದಕ್ಕೇ ಬಂದೆ."

ಮಾಂತ್ರಿಕ ಅವನನ್ನು ದಿಟ್ಟಿಸಿ ನೋಡಿದ. "ಸರಿ, ಒಂದು ಅಳು ತಡೆದುಕೊಳ್ಳುತ್ತೇನೆ. ಒಂದು ಬೆರಳು ಸಡಿಲಿಸುತ್ತೇನೆ. ನಿನ್ನ ಹೆಂಡತಿಯೊಬ್ಬಳು ಹೆರಲಿ. ಮಗುವನ್ನು ಎತ್ತಿಕೊಂಡು ಬಾಯಿ ಮುಚ್ಚಿಕೊಂಡಿರು."

ಹೂಂ ಎಂಬ ಮಾತು ನಿಕಾಂಡ್ರನ ನಾಲಿಗೆಯ ತುದಿಗೆ ಬಂದುಬಿಟ್ಟಿತ್ತು. ಅಷ್ಟರಲ್ಲಿ ಬಾಗಿಲ ಬಳಿ ತೋಳ ನರಳಿತು.

"ಒಡೆಯಾ," ಎಂದ ಅವನು. "ನನ್ನ ಮಗು ಆಮೇಲೆ ಯಾರ ಜೊತೆ ಆಡಬೇಕು?"

ಮಾಂತ್ರಿಕ ಮುಖ ತಿರುಗಿಸಿದ.

"ನಿನ್ನನ್ನು ಹೆತ್ತವಳಿಗಾಗಿಯಾದರೂ ಬಿಡಿಸು," ಎಂದು ನಿಕಾಂಡ್ರ ಅವನ ಕಾಲಿಗೆ ಬಿದ್ದ.

"ಅವಳನ್ನು ನಾನು ನೋಡಿಯೇ ಇಲ್ಲ. ನಾನು ಹುಟ್ಟಿದ ದಿನವೇ ಸತ್ತಳಂತೆ."

ಆಗ ಎಲೈತಿಯ ಮೊದಲ ಸಲ ಬಾಯಿ ತೆರೆದಳು. "ನಾನು ನೋಡಿದ್ದೇನೆ, ಮಗೂ. ನಾನು ಅಲ್ಲೇ ಇದ್ದೆ."

ಥ್ರಾಸೋನ ಗಕ್ಕನೆ ತಿರುಗಿದ. "ಹೇಗಿದ್ದಳು?"

"ಸಣ್ಣಗಿದ್ದಳು. ಬಹಳ ಕಷ್ಟಪಟ್ಟಳು. ನೀನು ಅತ್ತಾಗ ನಕ್ಕಳು, 'ಕೇಳಿದೆಯಾ, ಎಷ್ಟು ಜೋರು!' ಅಂದಳು. ನಿನ್ನನ್ನು ಎದೆಗೆ ಹಿಡಿದುಕೊಂಡಳು. ಹೇಗೆ ಹಿಡಿದಿದ್ದಳು ಎಂದು ಬಾಯಲ್ಲಿ ಹೇಳಲಾರೆ. ತೋರಿಸಬೇಕೆಂದರೆ ನನಗೆ ಕೈ ಬೇಕು."

ಮಾಂತ್ರಿಕ ಅವಳ ಮುಂದೆ ಮಂಡಿಯೂರಿ ಕೂತ. ಆಮೇಲೆ ಗಂಟು ಬಿಚ್ಚಿದ.

ದೇವತೆ ಬೆರಳು ಬಿಡಿಸಿದಳು. ಬಾಗಿಲಲ್ಲಿ ತೋಳದ ಮೊದಲ ಮರಿ ಕುಂಯ್ ಎಂದಿತು. ಕೆಳಗಿನ ಕಣಿವೆಯಿಂದ ಒಂದು ಅಳು ಬಂತು, ಇನ್ನೊಂದು ಬಂತು, ಆಮೇಲೆ ಮನೆಮನೆಯಿಂದ ಬಂತು. ಥ್ರಾಸೋನನ ಕೂದಲು ನರೆಯಿತು, ಬೆನ್ನು ಬಾಗಿತು, ಮಾಯೆಯೆಲ್ಲ ಮಂಜಿನಂತೆ ಕರಗಿತು. ಉಳಿದವನು ಒಬ್ಬ ಮುದುಕ. ಎಲೈತಿಯ ಅವನನ್ನು ತನ್ನ ಎರಡು ತೋಳುಗಳಲ್ಲಿ ಬಳಸಿ ಎದೆಗೆ ಹಿಡಿದು, "ಹೀಗೆ," ಎಂದಳು. ಅವನು ಕೂಸಿನಂತೆ ಅವಳಿಗೆ ಒರಗಿಕೊಂಡ.

ನಿಕಾಂಡ್ರ ಏದುಸಿರು ಬಿಡುತ್ತಾ ಓಡಿದ. ಮನೆ ತಲುಪುವಷ್ಟರಲ್ಲಿ ಎಲ್ಲ ಮುಗಿದಿತ್ತು. ಮಿರ್ಟಿಸ ಸುಸ್ತಾಗಿ ಒರಗಿದ್ದಳು. ಮಗ್ಗುಲಲ್ಲಿ ಕೆಂಪು ಮುಖದ ಹೆಣ್ಣುಕೂಸು.

"ಬೇಗ ಬಾ ಅಂದಿದ್ದೆ," ಎಂದಳು ಮಿರ್ಟಿಸ. "ನೋಡು, ಅವಳೇ ಮೊದಲು ಬಂದಳು."

ನಿಕಾಂಡ್ರ ನಗಲು ಹೋಗಿ ಅತ್ತ.

ಮುದುಕ ಥ್ರಾಸೋನ ಬದುಕಿದಷ್ಟು ದಿನ ಬೆಟ್ಟದಲ್ಲಿ ತೋಳದ ಮರಿಗಳನ್ನು ಆಡಿಸಿಕೊಂಡಿದ್ದು, ನೆಮ್ಮದಿಯಿಂದ ಕಣ್ಣುಮುಚ್ಚಿದ. ಆಲ್ಕಿರದಲ್ಲಂತೂ ಆ ವರ್ಷವೆಲ್ಲ ಒಂದು ಮಗು ಮಲಗಿದರೆ ಪಕ್ಕದ ಮನೆಯದು ಏಳುತ್ತಿತ್ತು. ಅರಮನೆಯ ರಾಜನಿಂದ ಹಿಡಿದು ಬಾಗಿಲು ಕಾಯುವವನವರೆಗೆ ಯಾರಿಗೂ ಸರಿಯಾಗಿ ನಿದ್ದೆಯಿಲ್ಲ. ಆದರೂ ಒಬ್ಬರೂ ಗೊಣಗಲಿಲ್ಲವಂತೆ.