ಪಾವಣೆ ಐದರ ಆಟ

“ಅದು ನಂದು!”

ಒಂದೇ ಡಿಸ್ಕಿನ ಡಬ್ಬಿಯ ಮೇಲೆ ಎರಡು ಕೈ. ದಾನೇಶ್ವರಿ ಸಿಟ್ಟಿನಿಂದ ತಲೆಯೆತ್ತಿದಳು... ಸಂಗ್ರಾಮ!

ಹದಿಮೂರು ವರ್ಷ! ಕನ್ನಡಕ ಬಂದಿದೆ, ಮೀಸೆಯಲ್ಲಿ ಒಂದೆರಡು ಬಿಳಿ ಕೂದಲು. ಕಣ್ಣು ಮಾತ್ರ ಅವೇ.

ಅಥಣಿಯ ಇಸ್ಮಾಯಿಲ ಚಾಚಾನ ಡಿಸ್ಕಿನ ಅಂಗಡಿಗೆ ಇವತ್ತು ‘ಕಬ್ಬಿನ್ಯಾಗ ನಾಲ್ಕು ಹೆಣ’ ಬಂದಿತ್ತು. ಹದಿಮೂರು ವರ್ಷದ ಹಿಂದೆ, ನಮ್ಮ ಭಾಗದ ಮರ್ಯಾದೆ ತೆಗೆಯುತ್ತದೆಂದು ಜನ ಗದ್ದಲ ಎಬ್ಬಿಸಿ, ಎರಡೇ ದಿನಕ್ಕೆ ಟಾಕೀಸಿನಿಂದ ಇಳಿಸಿದ್ದ ಸಿನಿಮಾ. ಆಮೇಲೆ ನೋಡದವರೇ ಅದರ ಡೈಲಾಗು ಹೊಡೆದು ಹೊಡೆದು ಅದನ್ನು ಆಕಾಶಕ್ಕೇರಿಸಿದರು. ಈಗ ಒಂದೂ ಕತ್ತರಿ ಬೀಳದ ಡಿಸ್ಕು ಬಿಡುಗಡೆಯಾಗಿತ್ತು.

“ಕಡೀದು ಒಂದ ಉಳದೈತ್ರಿ. ನೀವಿಬ್ರೂ ಮಾತಾಡ್ಕೋರಿ,” ಎಂದ ಚಾಚಾ, ಚಹಾ ಹೇಳಲು ಹೊರಗೆ ನಡೆದ. ಜಾಣ ಮುದುಕ!

ದಾನೇಶ್ವರಿಗೆ ಹಳೆಯದೆಲ್ಲ ಉಕ್ಕಿ ಬಂತು. ಇಬ್ಬರೂ ದಿನಾ ಹತ್ತುತ್ತಿದ್ದ ಉಗಾರದ ಬಸ್ಸು, ಕಿಟಕಿಯಿಂದ ಬರುತ್ತಿದ್ದ ಬೆಲ್ಲದ ವಾಸನೆ, ಮರಾಠಿ ಶಾಲೆಯಲ್ಲಿ ಕಲಿತ ಸಂಗ್ರಾಮ ಬಸ್ಸಿನ ಕನ್ನಡ ಬೋರ್ಡನ್ನು ಅಕ್ಷರ ಕೂಡಿಸಿ ಕೂಡಿಸಿ ಓದುತ್ತಿದ್ದದ್ದು... ಎಂಥ ಚಂದದ ದಿನಗಳವು!

“ನಾಳೆ ಈ ಸಿನಿಮಾಕ್ಕ ಬಾ ಅಂತ ಕರದಾಂವ ನೀನು,” ಎಂದಳು ಅವಳು. “ಟಾಕೀಸಿನ ಮುಂದ ನಿಂತಿದ್ದೆ. ಕಲ್ಲ ಬೀಳಾಕತ್ತಿದ್ವು. ನೀ ಬರಲಿಲ್ಲ.”

“ಹೆಂಗ ಬರ್ಲಿ? ನಿನ್ನ ನೋಡಾಕ ಐದ ಮಂದಿ ಬರವ್ರಿದ್ರು. ನೀನ ಚೀಟಿ ಬರದ ಕಳಿಸಿದ್ದಿ!”

“ಯಾವ ಮಂದಿ ಮಾರಾಯಾ?”

“‘ನಾಳೆ ಪಾವಣೆ ಐದು’ ಅಂತ...”

ದಾನೇಶ್ವರಿ ಕೌಂಟರ್ ಹಿಡಿದು ನಿಂತಳು. ಅಯ್ಯೋ ದೇವರೇ! ಐದು ಗಂಟೆಗೆ ಕಾಲು ಗಂಟೆ ಮೊದಲು ಬರುತ್ತೇನೆ ಎಂದು ಅವಳು ಬರೆದದ್ದು. ಅವನ ಮರಾಠಿಯಲ್ಲೇ ಹೇಳಿದರೆ ಖುಷಿಪಡುತ್ತಾನೆಂದು ‘ಪಾವಣೆ ಐದು’ ಎಂದಿದ್ದಳು. ಅವನು ಓದಿಕೊಂಡದ್ದು ಹೆಣ್ಣು ನೋಡಲು ಬರುವ ಪಾವಣೇರು, ಅಂದರೆ ನೆಂಟರು, ಐದು ಜನ!

“ಅದು ಟೈಮ್ ಲೇ, ಹುಚ್ಚಾ!”

ಸಂಗ್ರಾಮನ ಮುಖ ಬಿಳಿಚಿಕೊಂಡಿತು. “ಮರುದಿನಾನ ನಾ ಸಾಂಗಲಿಗೆ ಹೋಗಿಬಿಟ್ಟೆ, ದಾನಿ...”

“ಒಂದ ಮಾತ ಕೇಳಿದ್ರ ಏನಾಗ್ತಿತ್ತು?”

“ನೀ ಹೂಂ, ಖರೇ ಐತಿ ಅಂದಬಿಟ್ರ ಅಂತ ಅಂಜಿಕಿ. ನೀನರ ಕೇಳಬೇಕಿಲ್ಲ?”

“ನನಗ ಸಿಟ್ಟ ಇತ್ತು.” ಅವಳ ಕಣ್ಣು ತುಂಬಿದವು. ಒಬ್ಬರ ಅಂಜಿಕೆ, ಇನ್ನೊಬ್ಬರ ಸಿಟ್ಟು... ಹದಿಮೂರು ವರ್ಷ ನುಂಗಿ ಹಾಕಿದ್ದವು. ಕೇಳಬೇಕಾದದ್ದು ಇನ್ನೂ ಒಂದಿತ್ತು. “ಮದಿವಿ... ಆಗೈತಿ?”

“ಇಲ್ಲ. ನಿಂದು?”

ಅವಳು ಇಲ್ಲವೆಂದು ತಲೆಯಾಡಿಸಿದಳು. ಹೊರಗೆ ಕಬ್ಬಿನ ಟ್ರ್ಯಾಕ್ಟರೊಂದು ಹಾಡು ಹಾಕಿಕೊಂಡು ಹಾದುಹೋಯಿತು. ಇಬ್ಬರಿಗೂ ಕೇಳಿಸಲಿಲ್ಲ.

ಅವನು ಡಬ್ಬಿಯನ್ನು ಮೆಲ್ಲಗೆ ಅವಳತ್ತ ಸರಿಸಿದ. “ನೀನ ಒಯ್ದು ನೋಡು.”

“ಎದರಾಗ ನೋಡ್ಲಿ? ನಮ್ಮನ್ಯಾಗ ಪ್ಲೇಯರ್ ಇಲ್ಲ.”

“ಪ್ಲೇಯರ್ ಇಲ್ದ ಡಿಸ್ಕ್ ಯಾಕ? ಐಗಳಿಯಿಂದ ಇಷ್ಟ ದೂರ ಯಾಕ ಬಂದಿ ಮತ್ತ?”

ದಾನೇಶ್ವರಿ ಸೆರಗಿನಿಂದ ಕಣ್ಣೊರೆಸಿಕೊಂಡು ನಕ್ಕಳು. “ನೀನೂ ಬರ್ತಿಯೇನೋ ಅಂತ...”

ಸಂಗ್ರಾಮ ಅವಳ ಕೈ ಹಿಡಿದುಕೊಂಡ. “ಬಂದೀನಿ. ಇನ್ನ ಹೋಗೂದಿಲ್ಲ.”