ದೊರೆ ಉಂಡ ರೊಟ್ಟಿ

ದೊರೆ ಎವ್ರಾರ್ ಹಬ್ಬದೂಟ ಮುಗಿಸಿ, ಮೇಜಿಗೆ ತಲೆಯಿಟ್ಟವನು ಮತ್ತೆ ಎತ್ತಲಿಲ್ಲ. ತುಟಿ ನೀಲಿಗಟ್ಟಿತ್ತು. ಕೈಯಿಂದ ಜಾರಿದ ಬಟ್ಟಲಿನ ದ್ರಾಕ್ಷಾರಸ ನೆಲಕ್ಕೆ ಹಾಸಿದ್ದ ಹುಲ್ಲಿನಲ್ಲಿ ಇಂಗಿಹೋಗಿತ್ತು.

ಅವನು ಉಂಡದ್ದು ಜಿಂಕೆಮಾಂಸದ ಸಾರು, ಅವನೊಬ್ಬನಿಗೇ ಮಾಡಿದ್ದು. ಅಡುಗೆಯ ಗ್ರಿಮೋನನ್ನು ಸೆರೆಗೆ ತಳ್ಳಿದರು. ನಾಡಿದ್ದು ಗಲ್ಲು— ಹಾಗೆಂದು ಆಜ್ಞೆಯಿತ್ತವನು ದೊರೆಯ ತಮ್ಮ ಲೊಥೇರ್. ದೊರೆಗೆ ಮಕ್ಕಳಿರಲಿಲ್ಲ.

ಅರಮನೆಯ ಅಪರಾಧಗಳ ವಿಚಾರಣೆ ಮುದುಕ ಅನ್ಸೆಲ್ಮನ ಕೆಲಸ. ಮರುದಿನ ಅವನು ಸೆರೆಮನೆಗಿಳಿದ.

"ನೀನು ವಿಷ ಹಾಕಿದೆಯಾ?"

"ವಿಷ ಹಾಕೋನು ಉಪ್ಪಿನ ಹದ ನೋಡ್ತಾನಾ ಸ್ವಾಮಿ? ಎರಡು ಸಲ ನೋಡಿದೀನಿ."

"ದೊರೆ ಉಂಡ ರೊಟ್ಟಿ ಎಲ್ಲಿ?"

ಆ ಅರಮನೆಯಲ್ಲಿ ಊಟಕ್ಕೆ ದಪ್ಪ ಹಳೇ ರೊಟ್ಟಿಯ ಹೋಳೇ ತಟ್ಟೆ. ಸಾರು, ಮಾಂಸ ಎಲ್ಲ ಅದರ ಮೇಲೆಯೇ.

"ಎಲ್ಲಿಗೆ ಹೋಗತ್ತೆ? ದಿನಾ ಹೋಗೋ ಕಡೆಗೆ. ಹೆಬ್ಬಾಗಿಲಿಗೆ."

ಹೆಬ್ಬಾಗಿಲಲ್ಲಿ ಭಿಕ್ಷುಕಿ ಅವಿಸ್ ಗೋಡೆಗೊರಗಿ ಬಿಸಿಲು ಕಾಯುತ್ತಿದ್ದಳು.

"ನಿನ್ನೆ ದೊರೆಯ ರೊಟ್ಟಿ ಯಾರಿಗೆ ಸಿಕ್ತು?"

"ನಂಗೇ. ಸಾರು ಚೆನ್ನಾಗಿ ಹೀರ್ಕೊಂಡಿತ್ತು. ಯಾಕೆ, ವಾಪಸ್ ಬೇಕಾ?"

"ಆಮೇಲೆ ಹೊಟ್ಟೆನೋವು?"

"ಇತ್ತು. ಹಸಿವಿಂದು. ಈಗ್ಲೂ ಇದೆ."

ಅನ್ಸೆಲ್ಮ್ ಬಹಳ ಹೊತ್ತು ಅಲ್ಲೇ ನಿಂತ. ಗೊತ್ತಾದದ್ದನ್ನು ಯಾರಿಗೆ ಹೇಳುವುದು? ಈಗ ದೊರೆ ಲೊಥೇರನೇ; ದೊರೆಯ ಮೇಲೊಬ್ಬ ನ್ಯಾಯಾಧೀಶನಿರಲಿಲ್ಲ. ಕೊನೆಗೆ ಲೊಥೇರನ ಬಳಿಗೇ ಹೋದ. ಅವನು ಪ್ರಾರ್ಥನಾ ಮಂದಿರದಲ್ಲಿ ಒಬ್ಬನೇ ಇದ್ದ.

"ವಿಷ ಸಾರಲ್ಲಿರ್ಲಿಲ್ಲ, ಪ್ರಭು. ಅದೇ ಸಾರು ಹೀರಿದ ರೊಟ್ಟಿ ತಿಂದ ಮುದುಕಿ ಹೆಬ್ಬಾಗಿಲಲ್ಲಿ ಕೂತಿದಾಳೆ. ಅವಳನ್ನ ಯಾರೂ ನೋಡ್ಲಿಲ್ಲ, ಅಷ್ಟೆ. ಇನ್ನುಳಿದದ್ದು ಬಟ್ಟಲು. ಹಬ್ಬದ ದಿನ ದೊರೆಗೆ ಬಟ್ಟಲು ತುಂಬಿ ಕೊಡೋ ಹಕ್ಕು ಅವರ ತಮ್ಮಂದು. ಬೇರೆಯವರು ಅದನ್ನ ಮುಟ್ಟೋ ಹಾಗಿಲ್ಲ."

"ಅಂದ್ರೆ?"

"ಕೊಂದೋರು ನೀವು."

ಲೊಥೇರ್ ಎದ್ದು ಮಂದಿರದ ಬಾಗಿಲು ಮುಚ್ಚಿದ.

"ನಿನಗೇನು ಬೇಕು?" ಲೊಥೇರ್ ಕೇಳಿದ.

"ಗ್ರಿಮೋನನ್ನ ಬಿಟ್ಬಿಡಿ. ನಾನು ಬಾಯಿ ಮುಚ್ಕೊಂಡಿರ್ತೀನಿ."

"ನೋಡೋಣ. ಆ ಮುದುಕಿ ಹೆಸರೇನು?"

"ಅವಿಸ್."

ಹೇಳಿದ ಮೇಲೆ ಆ ಹೆಸರು ಬಾಯಲ್ಲಿ ಕಹಿಯಾಯಿತು. ಅನ್ಸೆಲ್ಮ್ ಹೆಬ್ಬಾಗಿಲಿಗೆ ಓಡಿದ. ಗೋಡೆ ಇನ್ನೂ ಬೆಚ್ಚಗಿತ್ತು. ಅವಳು ಇರಲಿಲ್ಲ.

ಬೆಳಿಗ್ಗೆ ಗಲ್ಲುಮರದ ಮುಂದೆ ಒಂದು ಕೈಗಾಡಿ ತಂದು ನಿಲ್ಲಿಸಿದರು. ಅದರಲ್ಲಿ ಅವಿಸ್ ಮಲಗಿದ್ದಳು, ತುಟಿ ನೀಲಿ.

"ದೊರೆ ಉಂಡ ರೊಟ್ಟಿ ತಿಂದವಳು!" ಡಂಗುರದವನು ಕೂಗಿದ. "ನೋಡಿ, ಅಡುಗೆಯವನ ಕೆಲಸ!"

ಜನ ನೋಡಿದರು, ನಂಬಿದರು. ಕುಣಿಕೆ ಬೀಳುವ ಮುನ್ನ ಗ್ರಿಮೋ ಗುಂಪಿನಲ್ಲಿ ಅನ್ಸೆಲ್ಮನನ್ನು ಹುಡುಕಿ, ಕಂಡು, ಏನಾದರೂ ಹೇಳುತ್ತಾನೇನೋ ಎಂದು ಕಾದ.

ಅನ್ಸೆಲ್ಮ್ ಬಾಯಿ ಮುಚ್ಚಿಕೊಂಡೇ ಇದ್ದ.