ನಲವತ್ತೊಂದನೆಯ ಗೋರಿಯ ಮಗು

ಅಕ್ಟೋಬರ್ ಮೂವತ್ತು, ಗುರುವಾರ ಬೆಳಿಗ್ಗೆ ವಾಲ್ಟಿಂಗನ್ ಪೊಲೀಸ್ ಠಾಣೆಗೆ ದೂರು ಬಂತು. ತಂದವರು ಡಾಕ್ಟರ್ ಹೆಡ್ವಿಗ್ ಕ್ರೊಯ್ಟ್ಸರ್. ಊರಾಚೆ ಹೊಸ ರಸ್ತೆ ಹಾಯಬೇಕಿದ್ದ ಹೊಲದಲ್ಲಿ ಹಳೆಯ ಕಾಲದ ಗೋರಿಗಳನ್ನು ಅಗೆಸುತ್ತಿದ್ದ ಪುರಾತತ್ವ ಅಧಿಕಾರಿ. ಅವರ ಬೂಟಿನ ಕೆಸರು ಠಾಣೆಯ ನೆಲದ ಮೇಲೆಲ್ಲ ಅಂಟಿತು.

"ಏನು ಕಳುವಾಗಿದೆ?" ಎಂದು ಇನ್‌ಸ್ಪೆಕ್ಟರ್ ಗೆಬ್‌ಹಾರ್ಟ್ ಮೌಖ್ ಕೇಳಿದರು.

"ಒಂದು ಮಗು."

ಮೌಖ್ ಪೆನ್ನು ಕೆಳಗಿಟ್ಟರು. "ವಯಸ್ಸು?"

"ಐದೋ ಆರೋ. ಸತ್ತು ಸಾವಿರದ ಮುನ್ನೂರು ವರ್ಷದ ಮೇಲಾಗಿದೆ."

"ಹಾಗಾದ್ರೆ ಓಡಿಹೋಗಿರಲ್ಲ ಬಿಡಿ ಮೇಡಂ" ಎಂದಳು ಕಾಫಿ ಸೋಸುತ್ತಿದ್ದ ಕಾನ್‌ಸ್ಟೇಬಲ್ ಸೆವ್ಗಿ ಅರ್ಸ್ಲಾನ್. ಯಾರೂ ನಗಲಿಲ್ಲ. ಅವಳು ಸುಮ್ಮನೆ ಒಂದು ಬಟ್ಟಲು ತಂದು ಡಾಕ್ಟರ ಮುಂದಿಟ್ಟಳು.

ಎಫ್‌ಐಆರ್ ದಾಖಲಾಯಿತು. ಒಂಬತ್ತೂವರೆಗೆ ಮೌಖ್ ಮತ್ತು ಸೆವ್ಗಿ ಹೊಲದಲ್ಲಿದ್ದರು. ಮೌಖ್‌ಗೆ ನಿವೃತ್ತಿಗೆ ಇನ್ನೊಂದು ಚಳಿಗಾಲ ಬಾಕಿ. ಕಳೆದ ಈಸ್ಟರ್‌ಗೆ ಮುಂಚೆ ಹೆಂಡತಿ ತೀರಿಕೊಂಡ ಮೇಲೆ ಅವರು ನಡೆಯುವುದು ನಿಧಾನವಾಗಿತ್ತು, ಕೇಳುವ ಪ್ರಶ್ನೆಗಳು ಚಿಕ್ಕವಾಗಿದ್ದವು.

ಸಿಕ್ಕಿದ್ದನ್ನೆಲ್ಲ ಇಡುತ್ತಿದ್ದ ಶೆಡ್ಡಿಗೆ ಬುಧವಾರ ಸಂಜೆ ಹಾಕಿದ ಬೀಗ ಒಡೆದಿರಲಿಲ್ಲ. ಅದು ಅಂಕಿ ತಿರುಗಿಸುವ ಬೀಗ. ಅಂಕಿಗಳು ಡಾಕ್ಟರಿಗೂ ಮಣ್ಣು ಸೋಸಲು ಬರುತ್ತಿದ್ದ ಊರಿನ ಏಳು ಮಂದಿ ಸ್ವಯಂಸೇವಕರಿಗೂ ಗೊತ್ತಿದ್ದವು. ಸೆವ್ಗಿ ಪಂಚನಾಮೆ ಬರೆಯತೊಡಗಿದಳು. ನಲವತ್ತೊಂದನೆಯ ಗೋರಿಯ ಪೆಟ್ಟಿಗೆಗಳು ಮೂರು. ಚಿನ್ನದ ತೆಳು ತಗಡಿನ ಶಿಲುಬೆ ಇತ್ತು. ಅಂಬರ್ ಮಣಿಗಳಿದ್ದವು. ಹೆಂಗಸಿನ ಅಸ್ಥಿಪಂಜರವೂ ಇತ್ತು, ಆದರೆ ಅದರ ಬಲತೋಳು ಕೈಬೆರಳುಗಳ ಸಮೇತ ಇರಲಿಲ್ಲ. ಮಗುವಿನ ಪೆಟ್ಟಿಗೆ ಪೂರ್ತಿ ಖಾಲಿ.

"ಚಿನ್ನ ಬಿಟ್ಟು ತೋಳು ಯಾಕೆ?" ಎಂದರು ಮೌಖ್.

ಡಾಕ್ಟರ್ ಒಂದು ಚಿತ್ರ ತೋರಿಸಿದರು. ಗೋರಿ ತೆರೆದ ದಿನದ ಚಿತ್ರ. ಹೆಂಗಸು ಅಂಗಾತ ಮಲಗಿದ್ದಳು. ಮಗುವಿನ ತಲೆ ಅವಳ ಬಲತೋಳಿನ ಮೇಲಿತ್ತು.

ಮೌಖ್ ಚಿತ್ರವನ್ನು ಬಹಳ ಹೊತ್ತು ನೋಡಿದರು. "ಇವಳು ತಾಯಿಯೇ?"

"ಸೋಮವಾರ ಪ್ರಯೋಗಾಲಯದ ಗಾಡಿ ಬರುತ್ತೆ. ಎಲುಬು ಪರೀಕ್ಷೆ ಮಾಡಿದ್ರೆ ಗೊತ್ತಾಗೋದು. ಎಷ್ಟೋ ಕಡೆ ನಾವು ತಾಯಿ ಅಂದ್ಕೊಂಡೋಳು ತಾಯಿ ಆಗಿರಲ್ಲ. ಮಗು ಸಿಗದಿದ್ರೆ ಈ ಗೋರಿ ಬಾಯಿಬಿಡಲ್ಲ ಇನ್‌ಸ್ಪೆಕ್ಟರೇ. ಮೇಲೆ ರಸ್ತೆ ಬಂದು ಬಿಡುತ್ತೆ, ಅಷ್ಟೆ."

"ಈ ಹೊಲದಲ್ಲಿ ಹಿಂದೆ ಕಳವಾಗಿತ್ತಾ?"

ಡಾಕ್ಟರ್ ದಣಿದ ನಗೆ ನಕ್ಕರು. "ಆ ಕಾಲದಲ್ಲೇ ಆಗಿದೆ. ಅರ್ಧ ಗೋರಿಗಳನ್ನ ಆಗಲೇ ತೆರೆದಿದ್ದಾರೆ. ಕಳ್ಳರು ಅಂತ ನಮ್ಮ ಹಿರಿಯರು ಬರೀತಿದ್ರು. ಆದ್ರೆ ನೋಡಿ, ಕತ್ತಿ ತಗೊಂಡಿದ್ದಾರೆ, ಮೇಲುವಸ್ತ್ರದ ಪಿನ್ನು ತಗೊಂಡಿದ್ದಾರೆ, ಕೊರಳ ತಾಯಿತ ಮಾತ್ರ ಮುಟ್ಟಿಲ್ಲ. ಹೂತ ಮರದ ಪೆಟ್ಟಿಗೆ ಕುಸಿಯೋ ಮುಂಚೆ ಬಂದಿದ್ದಾರೆ. ಎಲ್ಲಿ ಅಗೀಬೇಕು ಅಂತ ಗೊತ್ತಿತ್ತು. ಊರೋರೇ. ಮನೆಯೋರೇ ಇರಬಹುದು."

"ಮನೆಯೋರು ಯಾಕೆ ತೆರೀತಾರೆ?"

"ಅದನ್ನ ಎಲುಬು ಹೇಳಲ್ಲ."

ಮಧ್ಯಾಹ್ನ ಬೆರ್ಟೋಲ್ಡ್ ಕಿಮ್ಮರ್ಲೆಯನ್ನು ಠಾಣೆಗೆ ಕರೆಸಿದರು. ಲೋಹ ಹುಡುಕುವ ಯಂತ್ರ ಹಿಡಿದು ಹೊಲ ಹೊಲ ಸುತ್ತುವವನು. ಎರಡು ಸಲ ದಂಡ ಕಟ್ಟಿದ್ದವನು.

"ಬುಧವಾರ ಸಂಜೆ ಎಲ್ಲಿದ್ದೆ?"

"ಹೆಂಡದಂಗಡೀಲಿ. ನಿಮ್ಮ ತಮ್ಮನ ಪಕ್ಕದಲ್ಲೇ. ಅವನು ಬಿಲ್ ಕೊಡದೆ ಎದ್ದುಹೋದ, ಅದನ್ನೂ ಬರ್ಕೊಳ್ಳಿ."

"ಶೆಡ್ಡಿಗೆ ಹೋಗಿದ್ಯಾ?"

"ಸಾರ್, ಶಿಲುಬೆ ಬಿಟ್ಟು ಎಲುಬು ಹೊತ್ಕೊಂಡು ಹೋಗೋಕೆ ನನ್ನನ್ನೇನು ನಾಯಿ ಅಂದ್ಕೊಂಡ್ರಾ?"

ಸೆವ್ಗಿ ಮುಖ ಆಚೆ ತಿರುಗಿಸಿದಳು. ವಿಚಾರಿಸಿದರೆ ಅವನು ಹೇಳಿದ್ದು ನಿಜವಾಗಿತ್ತು. ಬಿಲ್ಲಿನ ವಿಷಯವೂ.

ಶುಕ್ರವಾರ ಸ್ವಯಂಸೇವಕರ ವಿಚಾರಣೆ ನಡೆಯಿತು. ಉಪಾಧ್ಯಾಯರೊಬ್ಬರು, ಅಂಚೆಯಿಂದ ನಿವೃತ್ತರಾದ ಗಂಡಹೆಂಡಿರು, ಹೀಗೆ. ಎಲ್ಲರೂ ಬುಧವಾರ ಐದಕ್ಕೆ ಮನೆಗೆ ಹೋಗಿದ್ದರು. ಎಲ್ಲರೂ ನೊಂದಿದ್ದರು. ಕೊನೆಯಲ್ಲಿ ಕುಳಿತವರು ಒಟ್ಟೀಲಿಯೆ ರಪ್, ಅರವತ್ತೆಂಟರ ವಿಧವೆ. ಆ ಮಗುವಿನ ಮೇಲಿನ ಮಣ್ಣನ್ನು ಬ್ರಷ್ಷಿನಿಂದ ಬಿಡಿಸಿದವರು ಅವರೇ.

"ಎಷ್ಟು ದಿನ ಹಿಡೀತು?"

"ಒಂದು ವಾರ. ಪಕ್ಕೆಲುಬು ಬೆಂಕಿಕಡ್ಡಿ ಥರ ಇರುತ್ತೆ. ಅವಸರ ಮಾಡಿದ್ರೆ ಹೋಯ್ತು."

"ಆಮೇಲೆ?"

"ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಮೇಲೆ ನಂಬರ್ ಬರೆದ್ರು. ತಪ್ಪು ಅಂತ ಹೇಳ್ತಿಲ್ಲ. ಹಾಗೇ ಮಾಡ್ಬೇಕಂತೆ."

"ಮಕ್ಕಳಿದ್ದಾರಾ?"

"ಒಬ್ಳು ಮಗಳು."

ಮೌಖ್ ಮುಂದೆ ಕೇಳಲಿಲ್ಲ. ಮಗಳು ಬೇರೆ ಊರಿನಲ್ಲಿ ಸಂಸಾರ ಮಾಡಿಕೊಂಡಿರಬೇಕು ಎಂದುಕೊಂಡರು. ಅಂದು ಸಂಜೆಯವರೆಗೆ ತನಿಖೆ ಒಂದು ಹೆಜ್ಜೆಯೂ ಮುಂದೆ ಹೋಗಲಿಲ್ಲ. ಡಾಕ್ಟರ್ ಎರಡು ಸಲ ಫೋನ್ ಮಾಡಿ, ಸೋಮವಾರ ಎಂಬುದನ್ನು ಮಾತ್ರ ನೆನಪಿಸಿ ಇಟ್ಟರು.

ಶನಿವಾರ ನವೆಂಬರ್ ಒಂದು, ಸಕಲ ಸಂತರ ಹಬ್ಬ. ಮಧ್ಯಾಹ್ನ ಎರಡಕ್ಕೆ ಊರೆಲ್ಲ ಸ್ಮಶಾನಕ್ಕೆ ಬರುತ್ತದೆ. ಪ್ರತಿಯೊಂದು ಮನೆಯವರು ತಮ್ಮ ತಮ್ಮವರ ಗೋರಿಯ ಬಳಿ ನಿಲ್ಲುತ್ತಾರೆ. ಪಾದ್ರಿ ಸಾಲು ಸಾಲಾಗಿ ನಡೆದು ತೀರ್ಥ ಚಿಮುಕಿಸುತ್ತಾರೆ. ಸೆವ್ಗಿಗೆ ಗೇಟಿನ ಬಳಿ ವಾಹನಗಳ ಕೆಲಸ ಬಿದ್ದಿತ್ತು. ಮೌಖ್ ಕೆಂಪು ದೀಪ ಹಿಡಿದು ಬಂದಾಗ ಅವಳು ಟೋಪಿ ತೆಗೆದಳು.

"ಜಾಗ ಎಷ್ಟು ವರ್ಷಕ್ಕೆ ತಗೊಂಡಿದ್ದೀರಿ ಸಾರ್?"

"ಇಪ್ಪತ್ತೈದು. ಆಮೇಲೆ ನಾನಿದ್ರೆ ಬಾಡಿಗೆ ಕಟ್ಟಿ ಮುಂದುವರಿಸ್ತೀನಿ."

"ಸತ್ತಾಗ ನಮ್ಮಜ್ಜನ್ನ ವಿಮಾನದಲ್ಲಿ ಹುಟ್ಟೂರು ಕೈಸೇರಿಗೆ ಕಳಿಸಿದ್ವಿ. ಇಲ್ಲಿ ಗೋರೀನೂ ಬಾಡಿಗೆ ಮನೆ, ಯಾವಾಗ ಬೇಕಾದ್ರೂ ಎಬ್ಬಿಸ್ತಾರೆ ಅಂತ ಅಜ್ಜಿಗೆ ಭಯ. ಬದುಕಿದ್ದಾಗ ಅಜ್ಜ ಮೂರು ಮನೆ ಬದಲಾಯಿಸಿದ್ರು, ಸಾಕಾಗಿತ್ತು ಅವ್ರಿಗೆ."

ಮೌಖ್ ಹೆಂಡತಿಯ ಗೋರಿಯ ಮುಂದೆ ನಿಂತರು. ದೀಪ ಹಚ್ಚಿದರು. ಜಪಮಾಲೆ ಜೇಬಿನಲ್ಲೇ ಉಳಿಯಿತು. ಪಾದ್ರಿಯ ದನಿ ಹತ್ತಿರವಾಗುತ್ತಿತ್ತು. ತಲೆಯೆತ್ತಿ ನೋಡಿದರು. ಎಲ್ಲ ಕಲ್ಲುಗಳ ಮುಂದೆಯೂ ಜನ, ಸೇವಂತಿಗೆ, ದೀಪ. ಗೋಡೆಯ ಪಕ್ಕದಲ್ಲಿ ಮಾತ್ರ ಬರೀ ಹುಲ್ಲಿನ ಮೈದಾನ. ಅಲ್ಲಿ ಕಲ್ಲಿಲ್ಲ, ಹೂವಿಲ್ಲ. ಆ ಹುಲ್ಲಿನ ನಡುವೆ ಕೈಕಟ್ಟಿಕೊಂಡು ಒಬ್ಬರು ನಿಂತಿದ್ದರು. ಒಟ್ಟೀಲಿಯೆ ರಪ್.

ಪಾದ್ರಿ ಅತ್ತ ಹೋಗಲಿಲ್ಲ. ಅಲ್ಲಿ ಆಶೀರ್ವದಿಸಲು ಗೋರಿ ಇರಲಿಲ್ಲ.

ಮೌಖ್ ಪ್ರಾರ್ಥನೆ ಮುಗಿಯುವವರೆಗೆ ಕದಲಲಿಲ್ಲ. ಜನ ಚದುರಿದ ಮೇಲೆ ಸೆವ್ಗಿಗೆ ಕಣ್ಸನ್ನೆ ಮಾಡಿ ಹುಲ್ಲು ದಾಟಿ ನಡೆದರು. ಆಕೆಯ ಬೂಟಿನ ಮುಂದೆ ಎರಡು ಮೊಳದಗಲದ ಹುಲ್ಲುಗಟ್ಟಿಯನ್ನು ಚೌಕವಾಗಿ ಕೊಯ್ದು ಮತ್ತೆ ಕೂರಿಸಿದ ಗೆರೆ ಕಾಣುತ್ತಿತ್ತು. ಗೆರೆ ಹಗ್ಗ ಹಿಡಿದಷ್ಟು ನೇರವಾಗಿತ್ತು.

"ಇಲ್ಲಿ ಯಾರಿದ್ರು, ಒಟ್ಟೀಲಿಯೆ ಅಮ್ಮ?"

"ಯೂಡಿತ್. ನನ್ನ ಮಗಳು. ಐದು ವರ್ಷ ಎಂಟು ತಿಂಗಳು."

"ಕಲ್ಲು?"

"ತೆಗೆದ್ರು. ಸಾಲುಗೋರಿ ಆಗಿತ್ತು ಅದು. ಸರದಿ ಪ್ರಕಾರ ಕೊಡೋ ಜಾಗ, ಅವಧಿ ಮುಗಿದ್ರೆ ಮುಂದುವರಿಸೋಕೆ ಆಗಲ್ಲ ಅಂತ ನಿಯಮ. ಅವಳನ್ನ ಹೂಳೋ ದಿನ ಯಾವ ಥರದ್ದು ಬೇಕು ಅಂತ ಕೇಳಿದ್ರು. ಅವಳ ಪಕ್ಕದಲ್ಲಿ ಬೇರೆ ಮಕ್ಕಳಿರ್ತಾರೆ ಅಂದ್ರು. ಒಂಟಿಯಾಗಿರಲ್ಲ ಅಂತ ಹೂಂ ಅಂದೆ. ಆ ದಿನ ಯಾರು ನಿಯಮ ಓದ್ತಾರೆ?"

ಸೆವ್ಗಿ ಬರೆಯುವುದನ್ನು ನಿಲ್ಲಿಸಿದಳು.

"ಶೆಡ್ಡಿನ ಮಗು ಇಲ್ಲಿದೆಯಾ?" ಎಂದರು ಮೌಖ್.

"ಇದೆ."

"ತೋಳೂ?"

"ಅದಿಲ್ದೆ ಹೇಗೆ ಮಲಗಿಸ್ಲಿ?"

ಮೂರೂಕಾಲಕ್ಕೆ ಒಟ್ಟೀಲಿಯೆ ರಪ್ ಅವರನ್ನು ದಸ್ತಗಿರಿ ಮಾಡಲಾಯಿತು. ಕೋಳ ಹಾಕಲಿಲ್ಲ. ಗೇಟಿನವರೆಗೆ ಸೆವ್ಗಿ ಅವರ ತೋಳು ಹಿಡಿದು ನಡೆಸಿದಳು. ಹೇಳಿಕೆ ಪಡೆದು ರಾತ್ರಿಯಾಗುವ ಮೊದಲೇ ಮನೆಗೆ ಬಿಟ್ಟು ಬಂದಳು.

ಭಾನುವಾರ, ಸತ್ತವರೆಲ್ಲರಿಗಾಗಿ ಪ್ರಾರ್ಥಿಸುವ ದಿನ, ಪಾದ್ರಿ ಮತ್ತು ಸ್ಮಶಾನದ ಕಾವಲುಗಾರ ಪಂಚರಾಗಿ ನಿಂತಿರಲು ಡಾಕ್ಟರ್ ಕ್ರೊಯ್ಟ್ಸರ್ ಮೊಣಕಾಲೂರಿ ಕುಳಿತು ಮಣ್ಣು ಬಿಡಿಸಿದರು. ಕೆಳಗಿನ ಹಳದಿ ಮಣ್ಣು ಕೆಳಗೆ, ಮೇಲಿನ ಕಪ್ಪು ಮಣ್ಣು ಮೇಲೆ, ಒಂದಕ್ಕೊಂದು ಬೆರೆಯದ ಹಾಗೆ ತುಂಬಲಾಗಿತ್ತು.

"ಇದನ್ನ ನಾನೇ ಹೇಳ್ಕೊಟ್ಟೆ" ಎಂದರು ಡಾಕ್ಟರ್, ತಮಗೇ ಎಂಬಂತೆ.

ಬಿಳಿಯ ದಿಂಬಿನ ಚೀಲ ಕಂಡಿತು. ಅದರ ಮೇಲೆ ಮಗುವಿನ ಎಲುಬುಗಳನ್ನು ಕ್ರಮವಾಗಿ ಜೋಡಿಸಲಾಗಿತ್ತು. ತಲೆಯ ಕೆಳಗೆ ಆ ಹೆಂಗಸಿನ ತೋಳಿತ್ತು. ಡಾಕ್ಟರ್ ಒಂದೊಂದನ್ನೂ ನೋಡಿ, ಒಂದು ಬೆರಳೂ ತಪ್ಪಿಲ್ಲ ಎಂದರು.

ಒಟ್ಟೀಲಿಯೆ ಸ್ವಲ್ಪ ದೂರದಲ್ಲಿ ಮಡಿಚುವ ಕುರ್ಚಿಯ ಮೇಲೆ ಕುಳಿತಿದ್ದರು. "ಅವಳು ತಾಯಿ ಹೌದೋ ಅಲ್ವೋ ಅಂತ ತಿಳ್ಕೊಂಡು ಏನ್ಮಾಡ್ತೀರಿ ಡಾಕ್ಟರಮ್ಮ?"

ಡಾಕ್ಟರ್ ಕೈಯ ಮಣ್ಣು ಒರೆಸಿಕೊಂಡರು. "ತಾಯಿ ಅಲ್ಲ ಅಂತ ಬಂತು ಅಂದ್ಕೊಳ್ಳಿ. ಆಗ ಈ ಊರಲ್ಲಿ, ಆ ಕಾಲದಲ್ಲಿ, ಹೆರದೇ ಇದ್ದೋಳ ತೋಳಲ್ಲೂ ಮಗೂನ ಮಲಗಿಸ್ತಿದ್ರು ಅಂತ ಗೊತ್ತಾಗುತ್ತೆ. ಒಂಟಿಯಾಗಿ ಕಳಿಸ್ತಿರಲಿಲ್ಲ ಅಂತ."

ಒಟ್ಟೀಲಿಯೆ ಕುರ್ಚಿಯಿಂದೆದ್ದು ಗುಂಡಿಯ ಅಂಚಿಗೆ ಬಂದರು. "ಹಾಗಾದ್ರೆ ತಗೊಂಡು ಹೋಗಿ" ಎಂದರು. "ಪಕ್ಕೆಲುಬು ಜೋಪಾನ."

ಆಕೆಯ ಹೇಳಿಕೆ ಒಂದೂವರೆ ಪುಟ. ಹೊಲದ ಗೋರಿಗಳ ಸುತ್ತ ಹಗ್ಗ ಕಟ್ಟಿ, ಮಳೆ ತಾಗದಂತೆ ಟಾರ್ಪಾಲು ಹೊದಿಸಿ, ಜನ ತಗ್ಗಿದ ದನಿಯಲ್ಲಿ ಮಾತಾಡುವುದನ್ನು ಇಡೀ ಬೇಸಿಗೆ ನೋಡಿದ್ದಾಗಿ ಹೇಳಿದ್ದರು. ಮಗಳಿದ್ದ ಜಾಗದ ಹುಲ್ಲನ್ನು ಪ್ರತಿ ತಿಂಗಳು ಯಂತ್ರದಿಂದ ಕತ್ತರಿಸುತ್ತಾರೆ. ನಂಬರಿನ ಚೀಲದಲ್ಲಿದ್ದ ಮಗುವಿಗೆ ಮಣ್ಣು ಬೇಕಿತ್ತು. ತನ್ನ ಮಗಳಿದ್ದ ಮಣ್ಣಿಗೆ ಮತ್ತೊಮ್ಮೆ ಯಾರಾದರೂ ಬೇಕಿತ್ತು. ಕದ್ದಿದ್ದೇನೆ ಎಂದು ಗೊತ್ತು ಎಂದಿದ್ದರು. ಪಾಪನಿವೇದನೆ ಆಗಲೇ ಆಗಿದೆ, ಶಿಕ್ಷೆ ಏನಿದ್ದರೂ ಕೊಡಿ ಎಂದಿದ್ದರು.

ಸೆವ್ಗಿ ಪಂಚನಾಮೆ ಮುಗಿಸುತ್ತ ಬಂದಳು. ವಸ್ತು ಸಿಕ್ಕ ಸ್ಥಳ ಎಂಬಲ್ಲಿ ಪೆನ್ನು ನಿಂತಿತು.

"ಇಲ್ಲಿ ಏನು ಬರೀಲಿ ಸಾರ್? ಸ್ಮಶಾನದ ಹುಲ್ಲುಹಾಸು, ಉತ್ತರ ಗೋಡೆಯ ಪಕ್ಕ ಅಂತಾನಾ?"

ಮೌಖ್ ಕಾಗದ ತೆಗೆದುಕೊಂಡು ತಾವೇ ಬರೆದರು. ಪಂಚರು ಓದಿ ಸಹಿ ಮಾಡಿದರು. ಪಾದ್ರಿ ಓದಿ, ಕನ್ನಡಕ ತೆಗೆದು ಒರೆಸಿಕೊಂಡು, ಮತ್ತೊಮ್ಮೆ ಓದಿದರು. ಕೊನೆಗೆ ಕಾಗದ ಒಟ್ಟೀಲಿಯೆ ಅವರ ಕೈಗೆ ಬಂತು. ಅವರು ಬೆರಳಿಟ್ಟು ಸಾಲು ಸಾಲಾಗಿ ಓದುತ್ತ ಬಂದು ಒಂದು ಸಾಲಿನಲ್ಲಿ ತಡೆದರು.

ಸ್ಥಳ: ಯೂಡಿತ್ ರಪ್ ಎಂಬ ಮಗುವಿನ ಗೋರಿ, ವಾಲ್ಟಿಂಗನ್.

ಅವರು ಆ ಸಾಲಿನ ಮೇಲಿಂದ ಬೆರಳು ತೆಗೆಯದೆ, ಇನ್ನೊಂದು ಕೈಯಿಂದ ಸಹಿ ಮಾಡಿದರು.